ಅಕಿಹಾಬಾರದ ಎರಡು ಪರದೆಗಳು

ಜಪಾನಿನ ರಾಜಧಾನಿಯಾದ ಟೋಕಿಯೋ ನಗರವನ್ನು ನೋಡಹೋದವರು ಸಾಮಾನ್ಯವಾಗಿ ಚಕ್ರವರ್ತಿಗಳ ಅರಮನೆಯ ಕಂದಕವನ್ನೂ, ಅಸಾಕುಸದ ದೇವಾಲಯವನ್ನೂ, ಉಯೆನೋ ಉದ್ಯಾನವನ್ನೂ ಕಂಡು, ಹೊತ್ತು ಉಳಿದರೆ ಗಿಂಜಾದ ಬೀದಿಯಲ್ಲಿ ಅಡ್ಡಾಡಿ ಹಿಂದಿರುಗುತ್ತಾರೆ. ಉಯೆನೋದಿಂದ ರೈಲಿನಲ್ಲಿ ದಕ್ಷಿಣಕ್ಕೆ ಹೊರಟರೆ ಎರಡನೆಯ ನಿಲ್ದಾಣವೇ ಅಕಿಹಾಬಾರ. ಅಲ್ಲಿ ದೇವಾಲಯದ ಗೋಪುರವಿಲ್ಲ, ಅರಮನೆಯಿಲ್ಲ, ಚೆರ್ರಿ ಮರಗಳ ಸಾಲೂ ಇಲ್ಲ. ಆದರೂ ಇಪ್ಪತ್ತನೆಯ ಶತಮಾನದ ಜಪಾನನ್ನು ಒಂದೇ ಕೇರಿಯಲ್ಲಿ ಕಾಣಬೇಕೆಂಬ ಆಸೆಯುಳ್ಳವರು ಇಳಿಯಬೇಕಾದ ನಿಲ್ದಾಣ ಅದೇ ಎಂಬುದು ನನ್ನ ಅಭಿಪ್ರಾಯ.

ಊರಿನ ಹೆಸರಿಗೇ ಒಂದು ಕಥೆಯುಂಟು. 1869ರಲ್ಲಿ ಈ ಭಾಗದಲ್ಲಿ ದೊಡ್ಡ ಬೆಂಕಿ ಬಿದ್ದು ಮನೆಗಳು ಸುಟ್ಟುಹೋದವು. ಸರಕಾರವು ಮತ್ತೆ ಮನೆ ಕಟ್ಟಗೊಡದೆ, ಬೆಂಕಿ ಹರಡದಂತೆ ಬಯಲು ಬಿಡಿಸಿ, ಅಗ್ನಿಭಯ ನಿವಾರಣೆಗಾಗಿ ಒಂದು ಗುಡಿಯನ್ನು ನಿಲ್ಲಿಸಿತು. ಬೆಂಕಿಯಿಂದ ಕಾಪಾಡುವ ದೇವರೆಂದರೆ ಅಕಿಬಾ ಎಂದು ಜನ ತಿಳಿದಿದ್ದುದರಿಂದ ಆ ಬಯಲಿಗೆ ‘ಅಕಿಬಾ ದೇವರ ಬಯಲು’ ಎಂಬ ಹೆಸರು ಬಿದ್ದಿತು. 1890ರಲ್ಲಿ ಸರಕು ರೈಲಿನ ನಿಲ್ದಾಣವಾಯಿತು. 1925ರಲ್ಲಿ ಪ್ರಯಾಣಿಕರಿಗೂ ತೆರೆಯಿತು. ಗುಡಿ ಬೇರೆಡೆಗೆ ಹೋಯಿತು, ಹೆಸರು ಉಳಿಯಿತು.

ಎರಡನೆಯ ಮಹಾಯುದ್ಧ ಮುಗಿದಾಗ ಟೋಕಿಯೋ ಮತ್ತೆ ಬೂದಿಯಾಗಿತ್ತು. ಹೊಸ ರೇಡಿಯೋ ಕೊಳ್ಳಲು ಯಾರಲ್ಲಿಯೂ ಹಣವಿಲ್ಲ; ಸುದ್ದಿಯನ್ನೂ ಸಂಗೀತವನ್ನೂ ಕೇಳುವ ಹಂಬಲ ಮಾತ್ರ ಎಲ್ಲರಲ್ಲಿಯೂ ಇತ್ತು. ಸಮೀಪದ ಕಾಂಡಾದಲ್ಲಿದ್ದ ವಿದ್ಯುತ್ ಶಾಲೆಯ ವಿದ್ಯಾರ್ಥಿಗಳು ಬಿಡಿಭಾಗಗಳನ್ನು ತಂದು ರೇಡಿಯೋ ಜೋಡಿಸಿ ಮಾರತೊಡಗಿದರು. ಅವರಿಗೆ ಬೇಕಾದ ನಿರ್ವಾತ ನಳಿಗೆಗಳನ್ನೂ ತಂತಿಗಳನ್ನೂ ಮಾರುವ ಅಂಗಡಿಗಳು ಬೀದಿಬದಿಯಲ್ಲಿ ಹುಟ್ಟಿದವು. 1949ರಲ್ಲಿ ಬೀದಿಯಂಗಡಿಗಳನ್ನು ತೆಗೆಯಬೇಕೆಂಬ ಆಜ್ಞೆಯಾದಾಗ ಈ ವ್ಯಾಪಾರಿಗಳು ರೈಲು ಸೇತುವೆಯ ಕಮಾನುಗಳ ಕೆಳಗೆ ಸೇರಿಕೊಂಡರು. ಇಂದಿಗೂ ಅಲ್ಲಿ ಒಬ್ಬ ಮನುಷ್ಯ ಕುಳಿತರೆ ತುಂಬಿಹೋಗುವಂಥ ಪುಟ್ಟ ಮಳಿಗೆಗಳಿವೆ. ತಲೆಯ ಮೇಲೆ ರೈಲು ಗುಡುಗುತ್ತಿದ್ದರೆ, ಕೆಳಗೆ ಮುದುಕನೊಬ್ಬ ಕನ್ನಡಕ ಮೂಗಿಗಿಳಿಸಿ ಸಾಸಿವೆ ಗಾತ್ರದ ಬಿಡಿಭಾಗಗಳನ್ನು ಎಣಿಸಿ ಕೊಡುವನು. ರೇಡಿಯೋ ಆದ ಮೇಲೆ ಟೆಲಿವಿಷನ್, ಅದಾದ ಮೇಲೆ ಬಟ್ಟೆ ಒಗೆಯುವ ಯಂತ್ರ, ಅನಂತರ ಕಂಪ್ಯೂಟರು, ಕಡೆಗೆ ವಿಡಿಯೋ ಆಟ, ಹೀಗೆ ಮನೆಯೊಳಗೆ ಬಂದ ಯಂತ್ರಗಳೆಲ್ಲವೂ ಈ ಕೇರಿಯ ಮೂಲಕವೇ ಹಾದುಹೋದವು.

ಮಹಡಿ ಹತ್ತಿದರೆ ಹಿಂದಿನ ಕಾಲ

ಅಕಿಹಾಬಾರದಲ್ಲಿ ಹೊಸತು ನೆಲಮಟ್ಟದಲ್ಲಿ, ಹಳೆಯದು ಮಹಡಿಯ ಮೇಲೆ. ಬಾಡಿಗೆಯ ಲೆಕ್ಕಾಚಾರ ಹಾಗಿರುವುದರಿಂದ ಮೆಟ್ಟಿಲು ಹತ್ತಿದಷ್ಟೂ ಕಾಲದಲ್ಲಿ ಹಿಂದೆ ಹೋದಂತಾಗುತ್ತದೆ. ‘ಸೂಪರ್ ಪೊಟೇಟೋ’ ಎಂಬ ಅಂಗಡಿ ಹಳೆಯ ಆಟಗಳಿಗೆ ಹೆಸರಾದುದು. ‘ಮಹಾ ಆಲೂಗಡ್ಡೆ’ ಎಂಬ ಹೆಸರನ್ನು ಕಂಡು ತರಕಾರಿ ಅಂಗಡಿಯೆಂದು ಭ್ರಮಿಸಬೇಕಾಗಿಲ್ಲ. ಇಕ್ಕಟ್ಟಾದ ಮೆಟ್ಟಿಲು, ನಾಲ್ವತ್ತು ವರ್ಷದ ಹಿಂದಿನ ಆಟಗಳ ಕಿರುಚು ಸಂಗೀತ, ಸೂರಿನವರೆಗೂ ಜೋಡಿಸಿದ ಪೆಟ್ಟಿಗೆಗಳು. ಸ್ವಲ್ಪ ದೂರದಲ್ಲಿ ‘ಮಂದರಾಕೆ’ ಎಂಬ ಅಂಗಡಿಯ ಎಂಟು ಮಹಡಿಯ ಕಪ್ಪು ಕಟ್ಟಡವಿದೆ. ಅದು 2008ರಲ್ಲಿ ತೆರೆದದ್ದು.

ಈ ಅಂಗಡಿಗಳಲ್ಲಿ ನಾನು ಹುಡುಕಿದ್ದು ಒಂದು ವಿಶೇಷ ಜಾತಿಯ ಆಟಗಳನ್ನು. 1988ರಿಂದ 1998ರವರೆಗಿನ ಒಂದು ದಶಕ ಮಾತ್ರ ಬಾಳಿ ಮರೆಯಾದ ಚಲಚ್ಚಿತ್ರದ ಆಟಗಳವು. ಅವುಗಳಲ್ಲಿಯೂ ಮಕ್ಕಳಿಗಲ್ಲದೆ ವಯಸ್ಕರಿಗಾಗಿ ತಯಾರಾದವು. ‘ಮೇಷ್ಟರಿಗೆ ಇದೇಕೆ?’ ಎಂದು ವಾಚಕರು ಹುಬ್ಬೇರಿಸಬಹುದು. ಸಾಹಿತ್ಯದ ಪಾಠ ಹೇಳುವವನಿಗೆ ಕಥೆ ಹೇಳುವ ಹೊಸ ಬಗೆಯೊಂದು ಹುಟ್ಟಿ, ಹತ್ತೇ ವರ್ಷದಲ್ಲಿ ಅಳಿದುಹೋದದ್ದು ಸಣ್ಣ ಸಂಗತಿಯಾಗಿ ತೋರಲಿಲ್ಲ.

ಯಂತ್ರಕ್ಕೆ ಮುಖ ಬಂದ ಬಗೆ

ಅದಕ್ಕೆ ಮೊದಲು ಮನೆಯ ವಿಡಿಯೋ ಆಟಗಳೆಲ್ಲ ಚುಕ್ಕೆಗಳಿಂದ ಬಿಡಿಸಿದ ಬೊಂಬೆಯಾಟಗಳು. ಆಟವನ್ನು ತುಂಬಿಟ್ಟ ಕಾರ್ಡಿನಲ್ಲಿ ಅರ್ಧ ಮೆಗಾಬೈಟ್ ಮಾಹಿತಿ ಹಿಡಿಸಿದರೆ ಅದೇ ಹೆಚ್ಚು. 1988ರ ಡಿಸೆಂಬರ್ 4ರಂದು ಎನ್.ಇ.ಸಿ. ಸಂಸ್ಥೆಯು ತನ್ನ ‘ಪಿ.ಸಿ. ಎಂಜಿನ್’ ಎಂಬ ಆಟದ ಯಂತ್ರಕ್ಕೆ ಸಿ.ಡಿ. ತಟ್ಟೆ ಓದುವ ಪೆಟ್ಟಿಗೆಯೊಂದನ್ನು ಜೋಡಿಸಿತು. ಮನೆಯ ಆಟದ ಯಂತ್ರಕ್ಕೆ ಸಿ.ಡಿ. ಬಂದದ್ದು ಜಗತ್ತಿನಲ್ಲಿ ಅದೇ ಮೊದಲು. ಆ ತಟ್ಟೆಯಲ್ಲಿ 540 ಮೆಗಾಬೈಟ್ ಹಿಡಿಸುತ್ತಿತ್ತು. ಬಿಂದಿಗೆಯಲ್ಲಿ ನೀರು ತರುತ್ತಿದ್ದವನ ಅಂಗಳಕ್ಕೆ ಕೆರೆಯೇ ಬಂದಂತಾಯಿತು.

ಇಷ್ಟೊಂದು ಜಾಗದಲ್ಲಿ ಏನನ್ನು ತುಂಬುವುದು? ಆ ದಿನ ಮಾರಾಟಕ್ಕೆ ಬಂದ ಮೊದಲ ಎರಡು ತಟ್ಟೆಗಳಲ್ಲಿ ಒಂದರ ಹೆಸರು ‘ನೋ-ರಿ-ಕೋ’. ಒಗಾವಾ ನೊರಿಕೋ ಎಂಬ ಜನಪ್ರಿಯ ತರುಣ ಗಾಯಕಿಯ ನಿಜವಾದ ಭಾವಚಿತ್ರಗಳೂ ನಿಜವಾದ ಧ್ವನಿಯೂ ಅದರಲ್ಲಿದ್ದವು. ಜಾಗ ಸಿಕ್ಕಿದೊಡನೆ ಮನುಷ್ಯನು ಯಂತ್ರದಲ್ಲಿ ಮೊದಲು ತುಂಬಿದ್ದು ಇನ್ನೊಬ್ಬ ಮನುಷ್ಯನ ಮುಖವನ್ನು, ಮಾತನ್ನು. ಮುಂದಿನ ಹತ್ತು ವರ್ಷದ ಕಥೆಯೆಲ್ಲವೂ ಆ ಒಂದು ತಟ್ಟೆಯಲ್ಲಿ ಬೀಜರೂಪವಾಗಿ ಇತ್ತೆನ್ನಬಹುದು.

ಮುಖವನ್ನು ಚಲಿಸುವಂತೆ ಮಾಡುವುದು ಮಾತ್ರ ಸುಲಭವಾಗಿರಲಿಲ್ಲ. ತಟ್ಟೆಯಿಂದ ಯಂತ್ರವು ಸೆಕೆಂಡಿಗೆ 150 ಕಿಲೋಬೈಟನ್ನಷ್ಟೇ ಓದಬಲ್ಲದು. ಪೂರ್ಣ ಪರದೆಯ ಬಣ್ಣದ ಚಿತ್ರವೊಂದಕ್ಕೇ ಸುಮಾರು 70 ಕಿಲೋಬೈಟ್ ಬೇಕು. ಸಿನಿಮಾದಲ್ಲಿ ಸೆಕೆಂಡಿಗೆ 24 ಚಿತ್ರಗಳು ಓಡುವಲ್ಲಿ ಇಲ್ಲಿ ಎರಡು! ಕೆರೆ ದೊಡ್ಡದಾದರೂ ತೂಬು ಸಣ್ಣದು. ಹೀಗಾಗಿ ಚಿತ್ರವನ್ನು ಅಂಚೆಚೀಟಿಯಂತೆ ಕಿರಿದು ಮಾಡಿ, ಬಣ್ಣ ಕಡಮೆ ಮಾಡಿ, ನಾನಾ ಉಪಾಯಗಳಿಂದ ಮಾಹಿತಿಯನ್ನು ಹಿಂಡಿ ಕಳುಹಿಸಬೇಕಾಯಿತು. 1991ರ ಡಿಸೆಂಬರಿನಲ್ಲಿ ಬಂದ ಸೆಗಾ ಸಂಸ್ಥೆಯ ‘ಮೆಗಾ ಸಿ.ಡಿ.’ಯು ಪರದೆಯ ಮೇಲೆ ಏಕಕಾಲಕ್ಕೆ ಸಾಮಾನ್ಯವಾಗಿ 64 ಬಣ್ಣಗಳನ್ನು ತೋರಿಸುತ್ತಿತ್ತು. ಅದರಲ್ಲಿ ಕಾಣುವ ನಟನಟಿಯರು ಜಾಲರಿಯ ಹಿಂದೆ ನಿಂತಂತೆ ತೋರುತ್ತಾರೆ. 1993ರ ಆಗಸ್ಟಿನಲ್ಲಿ ಪಯೋನಿಯರ್ ಸಂಸ್ಥೆಯು ಬೇರೆ ದಾರಿ ಹಿಡಿದು, ಊಟದ ತಟ್ಟೆಗಿಂತ ದೊಡ್ಡದಾದ, ಹನ್ನೆರಡು ಅಂಗುಲದ ಲೇಸರ್ ತಟ್ಟೆಯಲ್ಲಿ ಆಟ ಆಡಿಸುವ ‘ಲೇಸರ್‌ಆಕ್ಟಿವ್’ ಯಂತ್ರವನ್ನು ತಂದಿತು. ಚಿತ್ರ ಟೆಲಿವಿಷನ್ನಿನಷ್ಟೇ ಚೆನ್ನ. ಆದರೆ ಬೆಲೆ 89,800 ಯೆನ್. ಕೊಂಡವರು ಕೆಲವರೇ.

ಅನಂತರ 1994. ಆ ಒಂದೇ ವರ್ಷದಲ್ಲಿ ಜಪಾನಿನ ಮಾರುಕಟ್ಟೆಗೆ ಹಲವು ಹೊಸ ತಟ್ಟೆಯಂತ್ರಗಳು ಬಂದವು; ಅವುಗಳಲ್ಲಿ ಕೆಲವು: ಮಾರ್ಚಿನಲ್ಲಿ 3ಡಿಓ, ನವೆಂಬರಿನಲ್ಲಿ ಸೆಗಾ ಸ್ಯಾಟರ್ನ್, ಡಿಸೆಂಬರಿನಲ್ಲಿ ಸೋನಿಯ ಪ್ಲೇಸ್ಟೇಷನ್ನೂ ಎನ್.ಇ.ಸಿ.ಯ ಪಿ.ಸಿ.-ಎಫ್.ಎಕ್ಸೂ. ಈ ಕೊನೆಯದು ಸೆಕೆಂಡಿಗೆ 30 ಚಿತ್ರಗಳನ್ನು ಪರದೆಯ ತುಂಬ ಓಡಿಸಬಲ್ಲದಾಗಿತ್ತು. ಮುಂದಿನ ಕಾಲ ಚಲಚ್ಚಿತ್ರದ್ದೆಂದು ನಂಬಿದ ಅದರ ತಯಾರಕರು, ಘನಾಕೃತಿಗಳನ್ನು ಲೆಕ್ಕಹಾಕಿ ಬಿಡಿಸುವ ಸಾಮರ್ಥ್ಯವನ್ನು ಅದಕ್ಕೆ ಕೊಡಲೇ ಇಲ್ಲ. ಪ್ಲೇಸ್ಟೇಷನ್ ಗೆದ್ದದ್ದು ಆ ಸಾಮರ್ಥ್ಯದಿಂದಲೇ. ಪಿ.ಸಿ.-ಎಫ್.ಎಕ್ಸ್‌ಗೆ ಬಂದ ಆಟಗಳು 62 ಮಾತ್ರ. 1998ರಲ್ಲಿ ಅದರ ಕಥೆ ಮುಗಿಯಿತು. ನೆಟ್ಟಗೆ ನಿಲ್ಲುವ ಆ ಬಿಳಿಯ ಪೆಟ್ಟಿಗೆಯೊಂದನ್ನು ಗಾಜಿನ ಬೀರುವಿನಲ್ಲಿ ಕಂಡಾಗ, ಸೋತ ಕುದುರೆಯ ಮೇಲೆ ಹುಟ್ಟುವಂಥ ಒಂದು ಮರುಕ ನನ್ನಲ್ಲಿ ಹುಟ್ಟಿತು.

ಬಾಗಿಲಿಲ್ಲದ ಬಾಗಿಲು

ಅಕಿಹಾಬಾರದ ಕೆಲವು ಅಂಗಡಿಗಳ ಮೂಲೆಯಲ್ಲಿ ಮೊಣಕಾಲೆತ್ತರದವರೆಗೆ ಇಳಿಬಿಟ್ಟ ಬಟ್ಟೆಯ ಪರದೆಯೊಂದು ಕಾಣುತ್ತದೆ. ಅದರ ಮೇಲೆ ‘18’ ಎಂಬ ಅಂಕಿ ಇರುವುದು. ಇದನ್ನು ‘ನೋರೆನ್’ ಎನ್ನುತ್ತಾರೆ. ಜಪಾನಿನಲ್ಲಿ ಸಿಹಿತಿಂಡಿಯ ಅಂಗಡಿಗೂ ಸ್ನಾನಗೃಹಕ್ಕೂ ಇಂಥದೇ ನೋರೆನ್ ಉಂಟು. ಅದು ಗೋಡೆಯಲ್ಲ, ಬೀಗವಿಲ್ಲ. ಕೈಯಿಂದ ಸರಿಸಿ ಒಳಹೋಗಬಹುದು. ಆದರೆ ಸರಿಸುವ ಆ ಕ್ಷಣದಲ್ಲಿ ಒಳಗೆ ಹೋಗುತ್ತಿರುವವನು ತಾನು ಎಂಬ ಅರಿವು ಮನಸ್ಸಿಗೆ ಆಗಿಯೇ ಆಗುತ್ತದೆ. ಕನ್ನಡದಲ್ಲಿ ‘ಪರದೆ’ ಎಂಬ ಒಂದೇ ಮಾತು ಚಿತ್ರ ತೋರಿಸುವುದಕ್ಕೂ ಸಲ್ಲುತ್ತದೆ, ಮರೆಮಾಡುವುದಕ್ಕೂ ಸಲ್ಲುತ್ತದೆ. ಅಕಿಹಾಬಾರದಲ್ಲಿ ಈ ಎರಡು ಪರದೆಗಳೂ ಒಂದರ ಪಕ್ಕದಲ್ಲೊಂದು ಇವೆ.

ಪರದೆಯ ಹಿಂದೆ ಇರುವ ಸರಕಿನಲ್ಲಿ ಬಹುಭಾಗ ಅಗ್ಗದ ಸರಕೇ, ಸಂದೇಹವಿಲ್ಲ. 1995ರಲ್ಲಿ ಸ್ಯಾಟರ್ನ್ ಯಂತ್ರಕ್ಕೆ ಬಂದ ‘ಯಾಕ್ಯೂಕೆನ್ ಸ್ಪೆಷಲ್’ ಎಂಬುದನ್ನು ತೆಗೆದುಕೊಳ್ಳಿ. ಕಲ್ಲು, ಕತ್ತರಿ, ಕಾಗದವೆಂಬ ಕೈಸನ್ನೆಯ ಆಟದಲ್ಲಿ ಪರದೆಯ ಮೇಲಿನ ತರುಣಿ ಸೋತಾಗಲೆಲ್ಲ ಒಂದೊಂದು ಉಡುಪನ್ನು ಕಳಚುವುದೇ ಅದರ ಸಾರ. ಆದರೆ ಈ ಯಾಕ್ಯೂಕೆನ್ ಎಂಬುದರ ಮೂಲ ಎಲ್ಲಿ? 1924ರಲ್ಲಿ ಶಿಕೋಕು ದ್ವೀಪದ ಮಾತ್ಸುಯಾಮಾ ಊರಿನ ರೈಲ್ವೆ ನೌಕರರ ಬೇಸ್‌ಬಾಲ್ ತಂಡವು ತಾಕಾಮಾತ್ಸುವಿಗೆ ಹೋಗಿ ಚೆನ್ನಾಗಿ ಸೋತಿತು. ಆ ರಾತ್ರಿಯ ಸಂತೋಷಕೂಟದಲ್ಲಿ, ತಂಡದೊಡನೆ ಹೋಗಿದ್ದ ಮಾಯೆದಾ ಗೋಕೆನ್ ಎಂಬ ಹಾಸ್ಯಕವಿಯು ಷಾಮಿಸೆನ್ ವಾದ್ಯದ ರಾಗಕ್ಕೆ ಕುಣಿತವೊಂದನ್ನು ಅಲ್ಲಿಯೇ ಕಟ್ಟಿ, ಕಡೆಯಲ್ಲಿ ಕೈಸನ್ನೆಯ ಪಂದ್ಯವನ್ನಿಟ್ಟನು. ಮೈದಾನದಲ್ಲಿ ಸೋತವರು ಕೂಟದಲ್ಲಿ ಗೆದ್ದರು. ಬಟ್ಟೆ ಕಳಚುವ ಮಾತೇ ಅದರಲ್ಲಿರಲಿಲ್ಲ. 1969ರ ಟೆಲಿವಿಷನ್ ಕಾರ್ಯಕ್ರಮವೊಂದು ಅದನ್ನು ಮನೆಮನೆಗೆ ಹರಡಿತು. ಮಾತ್ಸುಯಾಮಾದ ಜನ ತಮ್ಮ ಊರಹಬ್ಬದಲ್ಲಿ ಇಂದಿಗೂ ಯಾಕ್ಯೂಕೆನ್ ಕುಣಿಯುತ್ತಾರೆ, ಮೈತುಂಬ ಬಟ್ಟೆ ಉಟ್ಟುಕೊಂಡೇ.

ಇಂಥ ತಟ್ಟೆಗಳು ಮನೆಯ ಯಂತ್ರಕ್ಕೆ ಬಂದಾಗ, ಯಾರು ಏನನ್ನು ನೋಡಬೇಕೆಂಬ ಪ್ರಶ್ನೆಯೂ ಜೊತೆಗೇ ಮನೆಯೊಳಗೆ ಬಂದಿತು. ಕಂಪ್ಯೂಟರ್ ಆಟಗಳಿಗಾಗಿ 1992ರಲ್ಲಿ ಜಪಾನಿನ ತಯಾರಕರು ತಾವೇ ಒಂದು ನೀತಿಸಂಸ್ಥೆಯನ್ನು ರಚಿಸಿಕೊಂಡಿದ್ದರು. ಸೆಗಾ ತನ್ನ ಸ್ಯಾಟರ್ನ್ ತಟ್ಟೆಗಳಿಗೆ ವಯಸ್ಸಿನ ಚೀಟಿ ಅಂಟಿಸಿತು: ಕೆಲವು ಎಲ್ಲರಿಗೂ, ಕೆಲವು 18 ತುಂಬಿದವರಿಗೆ ಶಿಫಾರಸು, ಕೆಲವು ಚಿಕ್ಕವರಿಗೆ ಪೂರ್ಣ ನಿಷೇಧ. ಈ ಮೂರನೆಯ ಚೀಟಿಯನ್ನು ಅದು ಬೇಗನೆ ಕೈಬಿಟ್ಟಿತು. ಸೋನಿಯು ಬೆತ್ತಲೆಗೆ ತನ್ನ ಯಂತ್ರದಲ್ಲಿ ಎಡೆಯನ್ನೇ ಕೊಡಲಿಲ್ಲ. ಎಲ್ಲ ಯಂತ್ರಗಳಿಗೂ ಸಲ್ಲುವ ‘ಸೆರೋ’ ಎಂಬ ಸಮಾನ ಸಂಸ್ಥೆ ಸ್ಥಾಪನೆಯಾದದ್ದು 2002ರಲ್ಲಿ. ಅಮೆರಿಕದಲ್ಲಿ ಇದೇ ಪ್ರಶ್ನೆ ದೊಡ್ಡ ಗದ್ದಲವಾಗಿ ಎದ್ದಿತ್ತು. ‘ನೈಟ್ ಟ್ರ್ಯಾಪ್’ ಎಂಬ ಚಲಚ್ಚಿತ್ರದ ಆಟವೂ ಸೇರಿದಂತೆ ಕೆಲವು ಆಟಗಳ ವಿಷಯವಾಗಿ 1993ರ ಡಿಸೆಂಬರಿನಲ್ಲಿ ಅಲ್ಲಿನ ಸೆನೆಟ್ ಸಭೆಯ ವಿಚಾರಣೆ ನಡೆದು, ಮರುವರ್ಷ ವಯಸ್ಸಿನ ಗುರುತು ಹಾಕುವ ಮಂಡಳಿ ಹುಟ್ಟಿತು. ಒಂದು ದೇಶ ವಿಚಾರಣೆಗೆ ಕರೆಯಿತು. ಇನ್ನೊಂದು ದೇಶ ಬಟ್ಟೆಯ ಪರದೆ ಇಳಿಬಿಟ್ಟಿತು.

ಭಯಾನಕದಿಂದ ನಿಶ್ಚಿತ್ರಕ್ಕೆ

ಪ್ರೌಢ ವಸ್ತುವೆಂದರೆ ಬೆತ್ತಲೆಯೊಂದೇ ಅಲ್ಲ. ಮೃತ್ಯು, ಪಾಪ, ಸ್ಮೃತಿ ಇವೂ ಪ್ರೌಢರ ವಿಷಯಗಳೇ. ಈ ಮಾತಿಗೆ ಸಾಕ್ಷಿಯಾಗಿ ನಿಲ್ಲುವವನು ಎನೋ ಕೆಂಜಿ. 1995ರ ಏಪ್ರಿಲಿನಲ್ಲಿ, ಇನ್ನೂ ಇಪ್ಪತ್ತೈದು ತುಂಬದಿದ್ದ ಈ ತರುಣನು 3ಡಿಓ ಯಂತ್ರಕ್ಕೆ ‘ಡಿ ನೋ ಶೋಕುತಾಕು’, ಎಂದರೆ ‘ಡಿ ಎಂಬವನ ಊಟದ ಮೇಜು’ ಎಂಬ ಆಟವನ್ನು ತಂದನು. ಕಂಪ್ಯೂಟರಿನಿಂದ ಬಿಡಿಸಿದ ಚಲಚ್ಚಿತ್ರವೇ ಅದರ ಮೈ. ಲಾರಾ ಎಂಬ ತರುಣಿಯ ತಂದೆ ಆಸ್ಪತ್ರೆಯ ಮುಖ್ಯ ವೈದ್ಯ. ಅವನು ರೋಗಿಗಳನ್ನು ಕೊಂದನೆಂಬ ಸುದ್ದಿ ಕೇಳಿ ಅವಳು ಧಾವಿಸುತ್ತಾಳೆ. ಅಲ್ಲಿಂದ ಒಂದು ವಿಚಿತ್ರ ಕೋಟೆಯೊಳಗೆ ಸೇರಿ, ತಾನು ಮರೆತಿದ್ದ ಘೋರ ಸತ್ಯವೊಂದನ್ನು ಎದುರಿಸುತ್ತಾಳೆ. ಎರಡು ಗಂಟೆಯೊಳಗೆ ಆಟ ಮುಗಿಯಬೇಕು. ನಡುವೆ ನಿಲ್ಲಿಸುವಂತಿಲ್ಲ, ಉಳಿಸಿಟ್ಟು ನಾಳೆ ಆಡುವಂತಿಲ್ಲ. ನಾಟಕಶಾಲೆಯಲ್ಲಿ ಕುಳಿತ ಪ್ರೇಕ್ಷಕನ ಕಟ್ಟುಪಾಡನ್ನು ಅವನು ಮನೆಯ ಆಟಕ್ಕೂ ತಂದನು.

ಆ ಸತ್ಯದಲ್ಲಿ ನರಮಾಂಸದ ಸಂಗತಿ ಇತ್ತು. ಅದನ್ನು ಯಾರೂ ಒಪ್ಪಲಾರರೆಂದು ಎನೋಗೆ ಗೊತ್ತಿತ್ತು. ಅವನೇ ಮುಂದೆ ಸಂದರ್ಶನದಲ್ಲಿ ಹೇಳಿಕೊಂಡಂತೆ, ಪರಿಶೀಲನೆಗೆ ಸೌಮ್ಯವಾದ ಒಂದು ತಟ್ಟೆಯನ್ನು ಒಪ್ಪಿಸಿ, ಅಂತಿಮ ತಟ್ಟೆಯನ್ನು ಬೇಕೆಂದೇ ತಡಮಾಡಿದನು. ತಡವಾದರೆ ತಯಾರಕನೇ ಅಮೆರಿಕಕ್ಕೆ ಹೋಗಿ ಕೈಯಾರೆ ಒಪ್ಪಿಸಬೇಕೆಂಬುದು ನಿಯಮ. ಆ ವಿಮಾನಪ್ರಯಾಣದಲ್ಲಿ ಅವನು ತಟ್ಟೆಯನ್ನು ಬದಲಿಸಿದನು. ಈ ಚಾತುರ್ಯವನ್ನು ಮೆಚ್ಚಬೇಕೇ, ಖಂಡಿಸಬೇಕೇ ಎಂಬುದನ್ನು ಓದುಗರಿಗೇ ಬಿಡುತ್ತೇನೆ. ತನ್ನ ಕಥೆಯ ಒಂದು ಅಂಗವನ್ನೂ ಕತ್ತರಿಸಗೊಡದ ಹಟ ಅದರಲ್ಲಿತ್ತೆಂಬುದು ಮಾತ್ರ ನಿಜ.

ಇದೇ ಎನೋ ಮುಂದೆ ಮಾಡಿದ ಕೆಲಸ ಇನ್ನೂ ಆಶ್ಚರ್ಯಕರವಾದುದು. ಕಣ್ಣು ಕಾಣದ ಕೆಲವರು ಧ್ವನಿಯ ಆಸರೆಯಿಂದಲೇ ತನ್ನ ಆಟಗಳನ್ನು ಆಡುತ್ತಿದ್ದಾರೆಂಬುದನ್ನು ಅವನು ತಿಳಿದನು. 1997ರ ಜುಲೈನಲ್ಲಿ ಸ್ಯಾಟರ್ನ್ ಯಂತ್ರಕ್ಕಾಗಿ ಚಿತ್ರವೇ ಇಲ್ಲದ ಒಂದು ಆಟವನ್ನು ಹೊರತಂದನು. ‘ರಿಯಲ್ ಸೌಂಡ್’ ಎಂಬ ಆ ಆಟದಲ್ಲಿ ಪರದೆ ಆದ್ಯಂತ ಕತ್ತಲೆ. ರೇಡಿಯೋ ನಾಟಕದಂತೆ ಕಥೆ ಸಾಗುತ್ತದೆ, ಗಂಟೆಯ ದನಿ ಕೇಳಿದಾಗ ಆಟಗಾರನು ದಾರಿಯನ್ನು ಆರಿಸಬೇಕು. ಪೆಟ್ಟಿಗೆಯಲ್ಲಿ ಬ್ರೈಲ್ ಲಿಪಿಯ ಸೂಚನೆಗಳಿದ್ದವು. ಇದಕ್ಕೆ ಪ್ರತಿಯಾಗಿ ಸೆಗಾ ಸಂಸ್ಥೆಯು ಕಣ್ಣಿಲ್ಲದವರಿಗೆ ಸಾವಿರ ಯಂತ್ರಗಳನ್ನು ದಾನ ಮಾಡಬೇಕೆಂದು ಅವನು ಕರಾರು ಹಾಕಿ, ತಾನೂ ಸಾವಿರ ಪ್ರತಿಗಳನ್ನು ಕೊಟ್ಟನು. ಕಥೆ ಬರೆದ ಸಕಾಮೊತೋ ಯೂಜಿ ಅವರಿಗೆ 2023ರ ಕಾನ್ ಚಿತ್ರೋತ್ಸವದಲ್ಲಿ ‘ಮಾನ್‌ಸ್ಟರ್’ ಚಿತ್ರದ ಚಿತ್ರಕಥೆಗಾಗಿ ಪ್ರಶಸ್ತಿ ದೊರೆಯಿತು. ಎನೋ 2013ರಲ್ಲಿ, ನಲವತ್ತೆರಡನೆಯ ವಯಸ್ಸಿನಲ್ಲಿ ತೀರಿಕೊಂಡನು. ರೇಡಿಯೋದಿಂದ ಹುಟ್ಟಿದ ಅಕಿಹಾಬಾರದ ಕಪಾಟಿನಲ್ಲಿ ಈ ರೇಡಿಯೋ ನಾಟಕದಂಥ ಆಟ ಕುಳಿತಿರುವುದು ಉಚಿತವಾಗಿಯೇ ಇದೆ.

1998ರಲ್ಲಿ ಸೋನಿಯೇ ‘ಯಾರುದೊರಾ’ ಎಂಬ ಮಾಲೆಯನ್ನು ತಂದಿತು. ‘ನೋಡುವ ನಾಟಕವಲ್ಲ, ಮಾಡುವ ನಾಟಕ’ ಎಂಬ ಭಾವ. ನಾಲ್ಕು ಋತುಗಳಿಗೆ ನಾಲ್ಕು ಕಥೆಗಳು, ಆದ್ಯಂತ ಚಲಿಸುವ ಚಿತ್ರ, ಆಯ್ಕೆಗೆ ತಕ್ಕಂತೆ ಹಲವು ಮುಕ್ತಾಯಗಳು; ಅವುಗಳಲ್ಲಿ ಕೆಲವು ರಕ್ತಸಿಕ್ತ. ಶರತ್ಕಾಲದ ಕಥೆಯ ಹೆಸರು ‘ಸಂಪಗೀತಾ’. ಅದು ಫಿಲಿಪೀನ್ಸ್ ದೇಶದ ರಾಷ್ಟ್ರಪುಷ್ಪ, ನಮ್ಮ ದುಂಡುಮಲ್ಲಿಗೆಯೇ! ಸ್ಮೃತಿ ಕಳೆದುಕೊಂಡ ಮಾರಿಯಾ ಎಂಬ ಫಿಲಿಪಿನೋ ತರುಣಿಯ ಕಥೆ ಅದು. ಚಲಚ್ಚಿತ್ರದ ಆಟ ತನ್ನ ಕಲೆಯನ್ನು ಕಂಡುಕೊಂಡ ಆ ಹೊತ್ತಿಗೆ ಅದರ ಕಾಲವೇ ಮುಗಿದಿತ್ತು. ಯಂತ್ರಗಳು ಚಿತ್ರವನ್ನು ತಾವೇ ಬಿಡಿಸಲು ಕಲಿತಿದ್ದವು. ನಟರನ್ನು ಕರೆಸಿ ಚಿತ್ರೀಕರಿಸುವ ಶ್ರಮ ಯಾರಿಗೂ ಬೇಡವಾಯಿತು.

ಉಳಿಸುವವರು ಯಾರು?

ಈಗ ಈ ತಟ್ಟೆಗಳ ಗತಿಯೇನು? ಸಿ.ಡಿ. ಶಾಶ್ವತವೆಂದು ಒಂದು ಕಾಲದಲ್ಲಿ ಹೇಳುತ್ತಿದ್ದರು. ತಟ್ಟೆಗಿಂತ ಮೊದಲು ಯಂತ್ರವೇ ಸಾಯುತ್ತದೆ. ಓದುವ ಲೇಸರ್ ಕಣ್ಣು ಮಂದವಾಗುತ್ತದೆ. ಒಳಗಿನ ಬಿಡಿಭಾಗಗಳಿಂದ ರಸ ಸೋರಿ ಹಲಗೆಯನ್ನು ತಿನ್ನುತ್ತದೆ. ಪಯೋನಿಯರ್ ಸಂಸ್ಥೆಯು ಲೇಸರ್ ತಟ್ಟೆಯ ಯಂತ್ರಗಳ ತಯಾರಿಕೆಯನ್ನು 2009ರಲ್ಲಿ ನಿಲ್ಲಿಸಿತು. ರಿಪೇರಿ ಬಲ್ಲವರನ್ನು ಹುಡುಕಿಕೊಂಡು ಜನ ಮತ್ತೆ ಅಕಿಹಾಬಾರದ ಕಮಾನಿನ ಕೆಳಗಿನ ಮಳಿಗೆಗಳಿಗೇ ಬಿಡಿಭಾಗ ಕೊಳ್ಳಲು ಬರುತ್ತಾರೆ.

ಜಪಾನಿನ ರಾಷ್ಟ್ರೀಯ ಸಂಸತ್ ಗ್ರಂಥಾಲಯಕ್ಕೆ, ದೇಶದಲ್ಲಿ ಪ್ರಕಟವಾದ ಪುಸ್ತಕದ ಪ್ರತಿಯನ್ನು ಒಪ್ಪಿಸಬೇಕೆಂಬ ಕಾನೂನಿದೆ. ವಿಡಿಯೋ ಆಟದ ತಟ್ಟೆಗಳಂಥ ವಿದ್ಯುನ್ಮಾನ ಪ್ರಕಟಣೆಗಳೂ ಆ ಕಾನೂನಿನೊಳಗೆ ಸೇರಿದವು. ಆದರೆ ಯಾವಾಗಿನಿಂದ? 2000ದ ಅಕ್ಟೋಬರಿನಿಂದ! ಚಲಚ್ಚಿತ್ರದ ಆಟಗಳ ದಶಕವೆಲ್ಲವೂ ಆ ಗೆರೆಯ ಆಚೆ ಉಳಿಯಿತು. ಸರಕಾರ ಕೇಳಲಿಲ್ಲ, ತಯಾರಕರಲ್ಲಿ ಹಲವರು ಮುಚ್ಚಿಹೋದರು. ಕೊಂಡವರೋ, ಮದುವೆಯಾಗಿ ಮನೆ ಬದಲಿಸುವಾಗ ಇಂಥ ತಟ್ಟೆಗಳನ್ನೇ ಮೊದಲು ಕೈಬಿಡುವವರು. ನಾಚಿಕೆ ಎಂಬುದು ಗೆದ್ದಲಿಗಿಂತ ವೇಗವಾಗಿ ತಿನ್ನುತ್ತದೆ. ಕೆಟ್ಟದ್ದರೊಡನೆ ಒಳ್ಳೆಯದೂ ಒಂದೇ ಮೂಟೆಯಲ್ಲಿ ಹೊರಟುಹೋಗುತ್ತದೆ.

ಉಳಿಸಬೇಕೆಂದರೂ ಒಂದು ಸಂಕಟವಿದೆ. ಆ ತಟ್ಟೆಗಳಲ್ಲಿ ನಕ್ಕ ತರುಣಿಯರು ಈಗ ಐವತ್ತರ ಆಚೀಚೆ ಇರುವ ಗೃಹಿಣಿಯರು, ತಾಯಂದಿರು. ಮೂವತ್ತು ವರ್ಷದ ಹಿಂದೆ ಒಂದು ಮಧ್ಯಾಹ್ನ ಸಂಬಳಕ್ಕಾಗಿ ಕ್ಯಾಮೆರಾದ ಮುಂದೆ ನಿಂತದ್ದು ಇಂದಿಗೂ ಗಾಜಿನ ಬೀರುವಿನಲ್ಲಿ ಬೆಲೆಚೀಟಿಯೊಡನೆ ಕುಳಿತಿದೆ. ಇತಿಹಾಸಕ್ಕೆ ಅದು ದಾಖಲೆ. ಅವರಿಗೆ ಏನೋ ಯಾರು ಬಲ್ಲರು?

ಈ ಪ್ರಶ್ನೆಯನ್ನು ಜಪಾನ್ ಹಿಂದೆಯೂ ಒಮ್ಮೆ ಕಂಡಿದೆ. ಉತಾಮಾರೋ, ಹೊಕುಸಾಯ್ ಮುಂತಾದ ಮಹಾಕಲಾವಿದರೂ ‘ಶುಂಗಾ’ ಎಂಬ ಶೃಂಗಾರಚಿತ್ರಗಳನ್ನು ರಚಿಸಿದ್ದರು. ಮುಂದಿನ ಕಾಲದವರು ಅವುಗಳನ್ನು ನಾಚಿಕೆಯಿಂದ ಬಚ್ಚಿಟ್ಟರು. ಅನೇಕವು ಪರದೇಶದ ಸಂಗ್ರಹಗಳಿಗೆ ಸೇರಿದವು. 2013ರಲ್ಲಿ ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂ ಅವುಗಳ ದೊಡ್ಡ ಪ್ರದರ್ಶನವನ್ನು ನಡೆಸಿದ ಮೇಲೆ, ಅದನ್ನು ಜಪಾನಿಗೆ ತರಲು ಯತ್ನಿಸಿದರೆ ಅಲ್ಲಿನ ವಸ್ತುಸಂಗ್ರಹಾಲಯಗಳು ಒಂದಾದ ಮೇಲೊಂದು ಹಿಂಜರಿದವು. ಕಡೆಗೆ 2015ರಲ್ಲಿ ಟೋಕಿಯೋದ ಏಯ್‌ಸೇಯ್ ಬುಂಕೋ ಎಂಬ ಸಣ್ಣ ಸಂಗ್ರಹಾಲಯ ಬಾಗಿಲು ತೆರೆಯಿತು. ಎರಡು ಲಕ್ಷಕ್ಕೂ ಹೆಚ್ಚು ಜನ ಬಂದು ನೋಡಿದರು. ಹದಿನೆಂಟು ತುಂಬದವರಿಗೆ ಮಾತ್ರ ಪ್ರವೇಶವಿರಲಿಲ್ಲ. ಅಲ್ಲಿಯೂ ಕಣ್ಣಿಗೆ ಕಾಣದ ನೋರೆನ್ ಒಂದು ಇಳಿಬಿದ್ದಿತ್ತು.

ನಾಚಿಕೆಯಾಯಿತೆಂದು ಸುಡುವುದು ಒಂದು ದಾರಿ. ನಾಚಿಕೆಯಿಲ್ಲವೆಂದು ಬೀದಿಯಲ್ಲಿ ಹರಡುವುದು ಇನ್ನೊಂದು. ಇಟ್ಟುಕೊಂಡು, ಹೆಸರು ಬರೆದು, ಮುಂದೊಂದು ಬಟ್ಟೆ ಇಳಿಬಿಡುವುದು ಮೂರನೆಯ ದಾರಿ. ಮನೆಯಲ್ಲಿ ಮಕ್ಕಳಿರುವ ನಮಗೆಲ್ಲರಿಗೂ ಈ ಮೂರನೆಯದರ ಬೆಲೆ ತಿಳಿಯುತ್ತದೆ. ಈಗ ಎಲ್ಲ ಚಿತ್ರವೂ ಅಂಗೈಯ ಫೋನಿನಲ್ಲಿ ಬರುತ್ತದೆ. ಅದಕ್ಕೆ ಸರಿಸಬೇಕಾದ ಪರದೆಯೇ ಇಲ್ಲ.

ಅಕಿಹಾಬಾರಕ್ಕೆ ಹೋಗುವವರು ಭಾನುವಾರ ಮಧ್ಯಾಹ್ನ ಹೋಗುವುದು ಒಳ್ಳೆಯದು. ಆಗ ಮುಖ್ಯಬೀದಿಯಲ್ಲಿ ವಾಹನಗಳನ್ನು ತಡೆದು ಜನರಿಗೆ ನಡೆಯಲು ಬಿಡುತ್ತಾರೆ. ಮೊದಲು ರೈಲುಕಮಾನಿನ ಕೆಳಗಿನ ರೇಡಿಯೋ ಮಳಿಗೆಗಳನ್ನು ನೋಡಿ, ಅನಂತರ ಮಹಡಿಗಳನ್ನು ಹತ್ತಿರಿ. ‘ರಿಯಲ್ ಸೌಂಡ್’ ತಟ್ಟೆ ಕಣ್ಣಿಗೆ ಬಿದ್ದರೆ ಕೈಗೆತ್ತಿಕೊಂಡು ನೋಡಿ. ಬ್ರೈಲ್ ಹಾಳೆಯಿರುವ ಪೂರ್ಣ ಪೆಟ್ಟಿಗೆಯಾದರೆ, ಜಪಾನಿ ಬಾರದಿದ್ದರೂ, ಕೊಳ್ಳುವುದಕ್ಕೆ ಯೋಗ್ಯ.